ಇತರೆ ಕಾಗದಪತ್ರಗಳು, ಒಂದು ಕಟ್ಟು

2025ನೇ ಇಸವಿ ಫೆಬ್ರವರಿ ಒಂಬತ್ತು, ಭಾನುವಾರ. ಬೆಳಿಗ್ಗೆ ಏಳು ಇಪ್ಪತ್ತಕ್ಕೆ ಬೆಸಗರಹಳ್ಳಿ ಠಾಣೆಯ ಮೆಟ್ಟಿಲು ಹತ್ತಿ ಬಂದ ಚಿಕ್ಕಮಾದಮ್ಮನ ಸೀರೆ ಮೊಣಕಾಲವರೆಗೂ ಕೆಸರಾಗಿತ್ತು. ಠಾಣೆಯ ರೈಟರ್ ಶಶಿರೇಖಾ ಆಗಷ್ಟೇ ಕಂಪ್ಯೂಟರ್ ಹಾಕಿ ಟೀ ಲೋಟ ಕೈಗೆತ್ತಿಕೊಂಡಿದ್ದಳು.

“ನಮ್ಮಾವ ಓಗ್ಬುಟ್ರು ಕಣವ್ವ. ಪಂಪ್‌ಸೆಟ್ ಮನೆತಾವ ಬಿದ್ದವ್ರೆ. ಯಾರೋ ತಲೆಗೆ ಒಡ್ದಾಕವ್ರೆ.”

ಶಶಿರೇಖಾ ಲೋಟ ಕೆಳಗಿಟ್ಟು ಕುರ್ಚಿ ಎಳೆದು ಅವಳನ್ನು ಕೂರಿಸಿದಳು. ಸತ್ತವರು ಕೆಂಪಸಿದ್ದಯ್ಯ, ಎಪ್ಪತ್ಮೂರು ವರ್ಷ. ಮೂವತ್ತು ವರ್ಷ ನಾಲೆಯ ನೀರುಗಂಟಿಯಾಗಿದ್ದವರು. ಯಾರ ಗದ್ದೆಗೆ ಯಾವ ದಿನ ನೀರು ಎಂಬುದನ್ನು ಪುಸ್ತಕದಲ್ಲಿ ಬರೆದಿಟ್ಟು, ಅದರಂತೆಯೇ ತೂಬು ಎತ್ತುತ್ತಿದ್ದರು. ಬರೆದದ್ದನ್ನು ಬದಲಿಸು ಎಂದು ಯಾರು ಗೋಗರೆದರೂ ಜಗ್ಗುತ್ತಿರಲಿಲ್ಲ. ಒಬ್ಬನೇ ಮಗ ತೀರಿಹೋಗಿ ಒಂಬತ್ತು ವರ್ಷವಾಗಿತ್ತು. ಸೊಸೆ ಚಿಕ್ಕಮಾದಮ್ಮ, ಮೊಮ್ಮಗಳು ದೀಪಿಕ, ಇಷ್ಟೇ ಸಂಸಾರ.

ಠಾಣೆಯ ರೈಟರ್ ಎಂದರೆ ಕತೆ ಕವನ ಬರೆಯುವವರೇನಲ್ಲ. ದೂರು, ಎಫ್‌ಐಆರ್, ಮಹಜರು, ಇವೇ ಅವರ ಸಾಹಿತ್ಯ. ಹೆಡ್ ಕಾನ್‌ಸ್ಟೆಬಲ್ ಶಶಿರೇಖಾ ಹತ್ತೊಂಬತ್ತು ವರ್ಷದ ನೌಕರಿಯಲ್ಲಿ ಹನ್ನೊಂದು ವರ್ಷ ಇದನ್ನೇ ಮಾಡಿದ್ದಳು. ಅವಳ ಗುಟ್ಟು ಒಂದೇ: ಹೊಸದಾಗಿ ಏನನ್ನೂ ಟೈಪ್ ಮಾಡುತ್ತಿರಲಿಲ್ಲ. ಹಳೆಯ ಎಫ್‌ಐಆರ್ ತೆರೆದು ಹೆಸರು, ದಿನಾಂಕ, ಜಾಗ ಬದಲಿಸಿದರೆ ಹೊಸದು ಸಿದ್ಧ. ಈವರೆಗೆ ಒಂದು ಕಾಗದವೂ ಕೋರ್ಟಿನಿಂದ ವಾಪಸ್ ಬಂದಿಲ್ಲವೆಂದು ಹೇಳಿಕೊಳ್ಳುವಾಗ ಅವಳಿಗೆ ಕೊಂಚ ಜಂಬವೂ ಇತ್ತು.

ಎಂಟೂ ಹತ್ತಕ್ಕೆ ಮೊಕದ್ದಮೆ ಸಂಖ್ಯೆ 18/2025 ದಾಖಲಾಯಿತು. ಭಾರತೀಯ ನ್ಯಾಯ ಸಂಹಿತೆ ಕಲಂ 103(1), ಕೊಲೆ, ಅಪರಿಚಿತರ ವಿರುದ್ಧ. ಇನ್‌ಸ್ಪೆಕ್ಟರ್ ನಯಾಜ್ ಪಾಷಾ ರುಜು ಹಾಕಿ ಜೀಪು ಹತ್ತಿದರು. ಶಶಿರೇಖಾ ಮಹಜರಿನ ಪ್ಯಾಡು ಹಿಡಿದು ಹಿಂದೆ ಕುಳಿತಳು.

ಶವ ಪಂಪ್‌ಸೆಟ್ ಮನೆಯ ಮುಂದೆ, ನೀರಿನ ತೊಟ್ಟಿಯ ಕಲ್ಲಿಗೆ ತಲೆಯಾನಿಸಿದಂತೆ ಬಿದ್ದಿತ್ತು. ತಲೆಯ ಹಿಂಬದಿ ಗಾಯ. ಮೂರು ಮಾರು ಆಚೆ ಗುದ್ದಲಿ, ಅದರ ಕಾವಿನ ಮೇಲೆ ರಕ್ತ. ಹಿಂದಿನ ಸಂಜೆ ಐದರಿಂದ ಏಳರೊಳಗೆ ಸಾವಾಗಿರಬೇಕೆಂದು ವೈದ್ಯರು ಅಂದಾಜು ಹೇಳಿದರು. ಆ ಶನಿವಾರ ಚಿಕ್ಕಮಾದಮ್ಮ, ಮಗಳು ದೀಪಿಕ ಇಬ್ಬರೂ ಮದ್ದೂರಿನಲ್ಲಿ ನೆಂಟರ ಮನೆಗೆ ಹೋಗಿ ಅಲ್ಲೇ ಉಳಿದಿದ್ದರು. ಬೆಳಿಗ್ಗೆ ಬಂದು ನೋಡಿದರೆ ಹೀಗೆ.

ಒಂದು ವಿಷಯ ಶಶಿರೇಖಾಳಿಗೆ ವಿಚಿತ್ರವೆನಿಸಿತು. ಪಂಪ್‌ಸೆಟ್ ಮನೆಯ ಕಟ್ಟೆಯ ಮೇಲೆ ಒಂದು ಫ್ಲಾಸ್ಕು, ಎರಡು ಸ್ಟೀಲ್ ಲೋಟ. ಒಂದರಲ್ಲಿ ಕಾಫಿ ಕುಡಿದ ಗುರುತು. ಇನ್ನೊಂದು ತುಂಬಿದ್ದು ತುಂಬಿದ ಹಾಗೇ ಇತ್ತು, ಮೇಲೆ ಕೆನೆ ಕಟ್ಟಿ ಇರುವೆ ಬಿದ್ದಿದ್ದವು.

“ನಿಮ್ಮಾವ ದಿನಾ ಇಲ್ಲಿಗೆ ಕಾಫಿ ತತ್ತಿದ್ರಾ?” ಪಾಷಾ ಕೇಳಿದರು.

“ಇಲ್ಲ ಸಾ. ತಾನೇ ಕಾಫಿ ಕಾಸ್ಕೊಂಡಿದ್ದ ನಾ ನೋಡೇ ಇಲ್ಲ.”

ಅಂದರೆ ಯಾರೋ ಬರುವವರಿದ್ದರು. ಯಾರೆಂದು ಚಿಕ್ಕಮಾದಮ್ಮನಿಗೆ ಗೊತ್ತಿರಲಿಲ್ಲ. ಆದರೆ ಶುಕ್ರವಾರ ಸಂಜೆ ಒಂದು ಫೋನ್ ಬಂದದ್ದು ಅವಳಿಗೆ ನೆನಪಿತ್ತು. ಮಾವ ಜಗಲಿಯಲ್ಲಿ ನಿಂತು ಜೋರಾಗಿ ಹೇಳಿದ ಮಾತನ್ನು ಅವಳು ಹಾಗೆಯೇ ಒಪ್ಪಿಸಿದಳು: “ಕೆಳಗಲ ಗದ್ದೆ ದೀಪಿಕಗೆ ಬರ್ಸಿದ್ದು ನಿಂಗ್ಯಾರ್ಲಾ ಏಳಿದ್ರು? ಮ್ಯಾಗಲ ಒಲ ಸೊಸೆಗೆ ಅನ್ನೋದೂವೆ ಗೊತ್ತಾ? ಬಾ ನಾಳೆ, ಎದುರ್ಗೆ ಮಾತಾಡನ.”

ಇದು ವಿಲ್ಲಿನ ವಿಷಯ. ಗುರುವಾರ, ಫೆಬ್ರವರಿ ಆರರಂದು ಮುದುಕ ಮದ್ದೂರಿಗೆ ಹೋಗಿ ವಿಲ್ ಟೈಪ್ ಮಾಡಿಸಿ, ಅದರ ಕರಡು ಪ್ರತಿ ತಂದಿದ್ದರು. ಸೋಮವಾರ ರಿಜಿಸ್ಟರ್ ಮಾಡಿಸುವುದೆಂದಾಗಿತ್ತು. ಒಳಗೇನಿದೆಯೆಂದು ಸೊಸೆಗೂ ಹೇಳಿರಲಿಲ್ಲ. ಆ ಫೋನಿನ ಮಾತು ಕಿವಿಗೆ ಬಿದ್ದಾಗಲೇ ಅವಳಿಗೂ ಗೊತ್ತಾದದ್ದು. ಮನೆಯೆಲ್ಲ ಜಾಲಾಡಿದರೂ ಆ ಕರಡು ಸಿಗಲಿಲ್ಲ. ಕೊಂದವನೇ ಒಯ್ದಿರಬೇಕೆಂದು ಪಾಷಾ ತೀರ್ಮಾನಿಸಿದರು.

ಹಾಗಾದರೆ ಉಳಿದದ್ದು ಒಂದೇ ಪ್ರಶ್ನೆ. ಸೊಸೆಗೂ ಹೇಳದ ಮಾತು ಕೊಂದವನಿಗೆ ಹೇಗೆ ತಿಳಿಯಿತು? ಅದನ್ನು ಬಲ್ಲವರು ಬರೆಸಿದ ಮುದುಕ ಮತ್ತು ಟೈಪ್ ಮಾಡಿದಾಕೆ ಇಬ್ಬರೇ. ಒಬ್ಬರು ಶವಾಗಾರದಲ್ಲಿದ್ದರು.

*

ಟೈಪ್ ಮಾಡಿದಾಕೆ ಅರುಂಧತಿ. ಮೂವತ್ತೆಂಟು ವರ್ಷ, ಒಂಟಿ ಹೆಣ್ಣು. ಮದ್ದೂರಿನ ನೋಂದಣಿ ಕಚೇರಿಯ ಎದುರು ಸಾಲಿನಲ್ಲಿ ಹದಿನಾಲ್ಕು ವರ್ಷದಿಂದ ಒಂದು ಮಳಿಗೆ ಇಟ್ಟುಕೊಂಡಿದ್ದಳು. ತಾಲೂಕಿನ ಅರ್ಧ ಮನೆಗಳ ಗುಟ್ಟು ಅವಳ ಬೆರಳ ತುದಿಯಲ್ಲಿ ಹಾದುಹೋಗಿತ್ತು. ಅಣ್ಣನಿಗೆ ಗೊತ್ತಾಗದಂತೆ ತಮ್ಮ ಬರೆಸಿದ್ದು, ಹೆಂಡತಿಗೆ ಗೊತ್ತಾಗದಂತೆ ಗಂಡ ಬರೆಸಿದ್ದು, ಎಲ್ಲ. ಅವಳ ಬಾಯಿಂದ ಒಂದು ಮಾತು ಹೊರಬಿತ್ತೆಂದು ಜನರಿಗೆ ಅನ್ನಿಸಿದ ದಿನ ಆ ಅಂಗಡಿಯ ಬಾಗಿಲು ತೆರೆಯುವ ಅಗತ್ಯವೇ ಇರುವುದಿಲ್ಲ.

ಸೋಮವಾರ ಬೆಳಿಗ್ಗೆ ಹತ್ತೂ ನಲವತ್ತಕ್ಕೆ ಠಾಣೆಯಲ್ಲಿ ವಿಚಾರಣೆ ಶುರುವಾಯಿತು.

“ವಿಲ್ ಟೈಪ್ ಮಾಡ್ವಾಗ ಅಂಗ್ಡೀಲಿ ಯಾರಿದ್ರು?”

“ಅವ್ರೂ ನಾನೂ, ಅಷ್ಟೆ ಸಾರ್.”

“ಯಾರ್ಗೆ ಹೇಳ್ದೆಮ್ಮ?”

“ಯಾರ್ಗೂ ಇಲ್ಲ.”

“ಕೆಂಪರಾಜು ಗೊತ್ತಾ?”

ಗೊತ್ತಿತ್ತು. ಕೆಂಪರಾಜು ಸತ್ತವರ ತಮ್ಮನ ಮಗ. ಗದ್ದೆಯ ಬದುವಿನ ವಿಷಯಕ್ಕೆ ದೊಡ್ಡಪ್ಪನೊಂದಿಗೆ ಎರಡು ವರ್ಷದಿಂದ ಮಾತು ಬಿಟ್ಟಿದ್ದವನು. ಜನವರಿಯಲ್ಲಿ ಎರಡು ಸಲ ಅರುಂಧತಿಯ ಅಂಗಡಿಗೆ ಬಂದು ಅರ್ಜಿ ಟೈಪ್ ಮಾಡಿಸಿದ್ದ. ಅರುಂಧತಿ ಅದನ್ನು ಮುಚ್ಚಿಡಲಿಲ್ಲ. ಪಾಷಾ ಸಾಹೇಬರಿಗೆ ಅಷ್ಟೇ ಸಾಕಾಯಿತು.

ತೊಂದರೆಯೆಂದರೆ, ಕೊಲೆಯಾದ ಹೊತ್ತಿನಲ್ಲಿ ಕೆಂಪರಾಜು ಮಂಡ್ಯದ ಒಂದು ಛತ್ರದಲ್ಲಿ ಆರತಕ್ಷತೆಯ ಊಟ ಬಡಿಸುತ್ತಿದ್ದ. ವಿಡಿಯೊದಲ್ಲಿ ಸಾಂಬಾರಿನ ಬಕೆಟ್ಟಿನ ಸಮೇತ ಸಿಕ್ಕಿದ್ದ. “ಬೇರೆಯವ್ನ ಕಳ್ಸಿರ್ತಾನೆ,” ಎಂದರು ಪಾಷಾ. ಅವರು ಕೆಟ್ಟವರಲ್ಲ, ಆದರೆ ಒಮ್ಮೆ ಹಿಡಿದ ಎಳೆಯನ್ನು ಬಿಡುವ ಪೈಕಿಯೂ ಅಲ್ಲ.

ಮಧ್ಯಾಹ್ನ ಹನ್ನೆರಡು ಕಾಲಿಗೆ ಪಂಚರ ಸಮಕ್ಷಮ ಅರುಂಧತಿಯ ಅಂಗಡಿಯ ಷಟರ್ ಎತ್ತಿಸಿದರು. ಶನಿವಾರ ಒಂದು ಗಂಟೆಗೆ ಮುಚ್ಚಿದ್ದ ಅಂಗಡಿ. ಷಟರ್‌ನ ಒಳಗೆ ನೆಲದ ಮೇಲೆ ಎಂಟು ಹತ್ತು ಕಾಗದಗಳು ಬಿದ್ದಿದ್ದವು, ಕೆಲವು ಮಡಚಿದ್ದು, ಕೆಲವು ಪಿನ್ ಹಾಕಿದ್ದು. ಕಾನ್‌ಸ್ಟೆಬಲ್ ಸಿದ್ದೇಶ್ ಅವನ್ನು ಗುಡಿಸಿದ ಹಾಗೆ ಒಟ್ಟುಮಾಡಿ ಮೇಜಿನ ಮೇಲಿದ್ದ ಹಳೆಯ ಕಾಗದಗಳೊಂದಿಗೆ ಸೇರಿಸಿ ದಾರ ಕಟ್ಟಿದ.

“ಸಾರ್, ಆ ಕೆಳ್ಗಡೆ ಬಿದ್ದಿದ್ದ ಕಾಗ್ದ...” ಅರುಂಧತಿ ಬಾಯಿ ತೆರೆದಳು.

“ಕೇಳ್ದಾಗ ಮಾತಾಡಮ್ಮ,” ಎಂದರು ಪಾಷಾ.

ಶಶಿರೇಖಾ ಪಂಚನಾಮೆ ಬರೆದಳು. ಕೈ ತಾನಾಗಿ ಓಡಿತು. ಸಿಪಿಯು ಒಂದು, ಮಾನಿಟರ್ ಒಂದು, ಪ್ರಿಂಟರ್ ಒಂದು. ಕೊನೆಗೆ ಎಲ್ಲ ಅಂಗಡಿ ಪಂಚನಾಮೆಗಳಲ್ಲೂ ಬರೆಯುವ ಸಾಲು: ಇತರೆ ಕಾಗದಪತ್ರಗಳು, ಒಂದು ಕಟ್ಟು. ಪಂಚರು ರುಜು ಹಾಕಿದರು. ಕಟ್ಟಿಗೆ ಅರಗು ಒತ್ತಿ ಠಾಣೆಯ ಬೀರುವಿಗೆ ಹಾಕಿದ್ದಾಯಿತು.

ಮಂಗಳವಾರ ಫೋನ್ ಕಂಪನಿಯಿಂದ ಕರೆಗಳ ವಿವರ ಬಂತು. ಶುಕ್ರವಾರದ ಕರೆ ಬಂದ ಸಿಮ್ಮು ಎಂದೋ ಸತ್ತುಹೋದ ಯಾರದೋ ಹೆಸರಿನಲ್ಲಿತ್ತು. ಟವರ್ ಮಳವಳ್ಳಿಯದು. ಅರುಂಧತಿಯ ಫೋನಿನಿಂದ ಆ ನಂಬರಿಗಾಗಲಿ, ಕೆಂಪರಾಜುವಿಗಾಗಲಿ ಒಂದು ಕರೆಯೂ ಇರಲಿಲ್ಲ. “ಬಾಯಲ್ಲಿ ಹೇಳಿರ್ತಾಳೆ,” ಎಂದರು ಪಾಷಾ. ಬೇರೆ ದಾರಿ ಕಾಣದೆ, ಬರುವ ಗುರುವಾರ ಅವಳನ್ನು ಒಳಸಂಚಿನ ಆರೋಪಿಯಾಗಿ ಬಂಧಿಸಲು ಕಾಗದ ಸಿದ್ಧಮಾಡೆಂದು ಶಶಿರೇಖಾಳಿಗೆ ಹೇಳಿದರು.

ಊರು ಅಷ್ಟು ದಿನ ಕಾಯುವುದಿಲ್ಲ. ಅಂದೇ ಅರುಂಧತಿಯ ಅಂಗಡಿಯ ಬೋರ್ಡಿಗೆ ಯಾರೋ ಸಗಣಿ ಎರಚಿದರು. ಹೇಳಿಕೆ ಕೊಡಲು ಠಾಣೆಗೆ ಬಂದ ದೀಪಿಕ ಬೆಂಚಿನ ಮೇಲೆ ಕುಳಿತಿದ್ದ ಅರುಂಧತಿಯನ್ನು ನೋಡಿ ಕಿರುಚಿದಳು: “ನಮ್ ತಾತ ನಿಮ್ಮುನ್ನ ನಂಬಿ ಬಂದ್ರಲ್ಲ ಅಕ್ಕ! ನಂಬಿ ಬಂದ್ರಲ್ಲ!” ಅರುಂಧತಿ ಎರಡು ಕೈಗಳನ್ನೂ ಸೆರಗಿನೊಳಗೆ ಮುಚ್ಚಿಟ್ಟುಕೊಂಡಳು. ಬೇರೆಯವರ ಮಾತನ್ನು ಟೈಪ್ ಮಾಡಿ ಬದುಕುವ ಹೆಣ್ಣಿನ ಪಾಡು ಶಶಿರೇಖಾಳಿಗೆ ಬೇರೆಯವರು ಹೇಳಿಕೊಡಬೇಕಾಗಿರಲಿಲ್ಲ.

ನೀರು ತಂದುಕೊಟ್ಟು ಪಕ್ಕದಲ್ಲಿ ಕುಳಿತಳು.

“ನೋಡಮ್ಮ, ನೀನು ಹೇಳಿಲ್ಲ ಅಂತ್ಲೇ ಇಟ್ಕೊಳವ. ಮತ್ತೆ ಆ ಕಂಪ್ಯೂಟರ್ ಯಾರ್ ಮುಟ್ಟವ್ರೆ?”

“ಯಾರೂ ಇಲ್ಲ ಮೇಡಂ.”

“ರಿಪೇರಿಗೆ?”

ಅರುಂಧತಿ ಯೋಚಿಸಿದಳು. “ಎರಡು ವರ್ಸದ ಕೆಳಗೆ ಒಂದ್ಸಲ. ‘ತೆನೆ’ ಅಂತ ಕನ್ನಡ ಟೈಪಿಂಗ್ ಸಾಫ್ಟ್‌ವೇರ್ ಹಾಕ್ಕೊಂಡಿದೀನಲ್ಲ, ಅದು ಕೆಟ್ಟೋಗಿತ್ತು. ಹೊಸ್ದಾಗಿ ಹಾಕಕ್ಕೋದ್ರೆ ಅರ್ಧಕ್ಕೇ ನಿಂತ್ಕೊಂಡು, ಒಂದು ಲೈಬ್ರರಿ ಫೈಲ್ ಇಲ್ಲ ಅಂತ ಬಾಕ್ಸ್ ಬಂತು. ಆಗ ಒಬ್ರು ಬಂದು ಸರಿ ಮಾಡ್ಕೊಟ್ರು. ಪೆನ್‌ಡ್ರೈವಿಂದ ಯಾವ್ದೋ ಒಂದು ಫೈಲ್ ಪಕ್ಕಕ್ಕೆ ಹಾಕುದ್ರು, ಸೆಟಪ್ ಓಡ್ತು.”

“ಯಾರವ್ರು?”

“ಪುಟ್ಟರಾಜು ಅಂತ. ಒಳ್ಳೇವ್ರು ಮೇಡಂ, ಕಾಫಿ ಕೊಟ್ರೂ ಕುಡಿಲಿಲ್ಲ. ಮಳವಳ್ಳಿ ಅವ್ರು.”

ಮಳವಳ್ಳಿ ಎಂದದ್ದೇ ಶಶಿರೇಖಾ ತಲೆಯೆತ್ತಿದಳು.

*

ಶಶಿರೇಖಾಳ ಮನೆ ಹನಕೆರೆಯಲ್ಲಿ. ದಿನವೂ ಮದ್ದೂರಿನ ಕಡೆಗೆ ರೈಲು ಹತ್ತುವವಳು ಬುಧವಾರ ಎದುರು ದಿಕ್ಕಿನ ರೈಲು ಹಿಡಿದು ಮಂಡ್ಯಕ್ಕೆ ಹೋದಳು. ಹಿಂದಿನ ಸಂಜೆಯೇ ಪಾಷಾ ಸಾಹೇಬರ ಪತ್ರದೊಂದಿಗೆ ಸಿದ್ದೇಶ್ ಸಿಪಿಯುವನ್ನು ಸೈಬರ್ ಅಪರಾಧ ಠಾಣೆಗೆ ತಲುಪಿಸಿದ್ದ. ಪತ್ರ ಬರೆಸಲು ಶಶಿರೇಖಾ ಸಾಹೇಬರ ಮುಂದೆ ಅರ್ಧ ಗಂಟೆ ನಿಲ್ಲಬೇಕಾಯಿತು. “ಇದೊಂದ್ ನೋಡ್ಬುಡಣ ಸಾರ್. ಇಲ್ದಿದ್ರೆ ನಾಳೆ ಕೋರ್ಟಲ್ಲಿ ಕೇಳ್ತಾರೆ,” ಎಂದಿದ್ದಳು. ಕೋರ್ಟಿನ ಹೆಸರು ಹೇಳಿದರೆ ಪಾಷಾ ಇಳಿದುಬರುತ್ತಿದ್ದರು.

ಸೈಬರ್ ಠಾಣೆಯ ತಾಂತ್ರಿಕ ಸಹಾಯಕ ಆಸಿಮ್ ಮಿತಭಾಷಿ. ಬಂದ ಕೂಡಲೇ ಮಾನಿಟರ್ ಅವಳ ಕಡೆ ತಿರುಗಿಸಿದ.

“ಸೆಟಪ್ ಅನ್ನೋದು ಒಂಟಿಯಾಗಿ ಕೆಲ್ಸ ಮಾಡಲ್ಲ ಮೇಡಂ. ಕಿಟಕಿ ತೋರ್ಸಕ್ಕೆ ಒಂದು, ಫೈಲ್ ಬಿಚ್ಚಕ್ಕೆ ಒಂದು ಅಂತ ಲೈಬ್ರರಿ ಫೈಲ್‌ಗಳ್ನ ಕರೀತದೆ. ಡಿಎಲ್ಎಲ್ ಅಂತೀವಿ. ಹೆಸ್ರು ಹಿಡ್ದು ಕರೀತದೆ, ಎಷ್ಟೋ ಸಲ ಮೊದ್ಲು ತನ್ನ ಪಕ್ಕದಲ್ಲೇ ಹುಡುಕ್ತದೆ. ಆ ಹೆಸ್ರಿನ ಫೈಲು ಅಲ್ಲಿದ್ರೆ ಸರಿ, ಒಳಗೆ ಬಿಟ್ಕೊತದೆ.”

“ಅಸ್ಲೋ ನಕ್ಲಿಯೋ ನೋಡಲ್ವ?”

“ಈ ಸೆಟಪ್ ನೋಡಿಲ್ಲ. ಹೆಸ್ರು ಸರಿ ಇತ್ತು, ಬಿಟ್ಕೊಂಡಿದೆ.”

ನಿಜವಾದ ಫೈಲು ಎಂಬತ್ತು ಕೆಬಿಯದ್ದು. ಅರುಂಧತಿಯ ಕಂಪ್ಯೂಟರಿನಲ್ಲಿದ್ದದ್ದು ಅದೇ ಹೆಸರಿನದ್ದೇ, ಆದರೆ ಐದು ಪಟ್ಟು ದೊಡ್ಡದು, ತಯಾರಿಸಿದವರ ಡಿಜಿಟಲ್ ಸಹಿ ಇಲ್ಲದ್ದು. ಸೆಟಪ್ಪಿಗೆ ಬೇಕಾದ ಕೆಲಸವನ್ನೂ ಮಾಡಿಕೊಟ್ಟು, ಜೊತೆಗೆ ಇನ್ನೊಂದು ಕೆಲಸವನ್ನು ಒಳಗೆ ಇಳಿಸಿತ್ತು. ಅರುಂಧತಿ ಉಳಿಸಿಟ್ಟ ಪ್ರತಿ ಕಡತವನ್ನೂ ಅದು ಸದ್ದಿಲ್ಲದೆ ಓದುತ್ತಿತ್ತು.

“ಎಲ್ಲಾನೂ ಕಳಿಸ್ತಿತ್ತಾ?”

“ಅದೇ ಆಶ್ಚರ್ಯ ಮೇಡಂ. ಎರಡು ವರ್ಸದಲ್ಲಿ ಕಳ್ಸಿರೋದು ಒಂದೇ ಕಡತ. ಇದ್ರೊಳಗೆ ಮೂರು ಪದ ಬರ್ದಿಟ್ಟವ್ರೆ. ಮೂರ್ರಲ್ಲಿ ಎರಡಾದ್ರೂ ಒಂದೇ ಕಾಗ್ದದಲ್ಲಿ ಬಂದ್ರೆ ಮಾತ್ರ ಅದು ಹೊರಗೋಗ್ತದೆ. ಆಮೇಲೆ ಶನಿವಾರ ಮಧ್ಯಾಹ್ನ ಹನ್ನೆರಡೂ ಐವತ್ತಕ್ಕೆ, ಅಂಗಡಿ ಮುಚ್ಚೋ ಮುಂಚೆ, ಅದೇ ಕಡತ ಏನಾದ್ರೂ ಬದ್ಲಾಗಿದ್ಯಾ ಅಂತ ಯಾರೋ ದೂರದಿಂದ್ಲೇ ಇನ್ನೊಂದ್ಸಲ ತೆರ್ದು ನೋಡವ್ರೆ.”

ಅವನು ಮೂರೂ ಪದಗಳನ್ನು ಚೀಟಿಯಲ್ಲಿ ಬರೆದುಕೊಟ್ಟ. ಬೆಸಗರಹಳ್ಳಿ. ಕೆಂಪಸಿದ್ದಯ್ಯ. ಮುದ್ದಮ್ಮ.

ಸಂಜೆ ನಾಲ್ಕಕ್ಕೆ ಶಶಿರೇಖಾ ಚಿಕ್ಕಮಾದಮ್ಮನ ಮನೆಯ ನಡುಮನೆಯಲ್ಲಿ ಕುಳಿತಿದ್ದಳು. ಗೋಡೆಯ ಬುದ್ಧನ ಪಟದ ಕೆಳಗೆ ಕೆಂಪಸಿದ್ದಯ್ಯನವರ ಫೋಟೊ ಇಟ್ಟಿದ್ದರು.

“ಮುದ್ದಮ್ಮ ಅಂದ್ರೆ ಯಾರು?”

ಚಿಕ್ಕಮಾದಮ್ಮ ಒಲೆಯ ಕಡೆ ತಿರುಗಿದಳು. “ಸತ್ತೋರ್ ಮ್ಯಾಲೆ ಯಾಕವ್ವ ಮಾತು,” ಎಂದಳು.

“ಒಂದ್ ಹೆಣ್ಣು ನಾಳೆ ಜೈಲಿಗೋಯ್ತಳೆ ಕಣಮ್ಮ. ತಪ್ಪಿಲ್ದೆ.”

ಆಗ ಬಂತು. ಮುದ್ದಮ್ಮ ನಾಟಿ ಕೆಲಸಕ್ಕೆ ಬರುತ್ತಿದ್ದ ಮಳವಳ್ಳಿ ಕಡೆಯವಳು. ಹೊಟ್ಟೆಯಲ್ಲಿ ಮಗುವಿಟ್ಟುಕೊಂಡು ಈ ಮನೆಯ ಬಾಗಿಲಿಗೆ ಬಂದಾಗ ಮಾವನಿಗೆ ಆಗಲೇ ಹೆಂಡತಿ, ಮಗ ಇದ್ದರು. ಸೋಮವಾರ ಸೋಮವಾರವೆಂದು ಸಾಗಹಾಕಿದರು. “‘ಬರೋ ಸ್ವಾಮಾರ ಬಾ, ಮಾತಾಡನ’ ಅಂತ ಕಳಿಸ್ತಿದ್ರಂತೆ. ಎಷ್ಟೋ ಸ್ವಾಮಾರ ಬಂದ್ಲಂತೆ. ಆಮ್ಯಾಕೆ ಬರ್ಲಿಲ್ಲ. ನಮ್ಮತ್ತೆ ಸಾಯೋಗಂಟ ಆ ಎಸ್ರು ಈ ಮನೇಲಿ ಯಾರೂ ಎತ್ಲಿಲ್ಲ.”

“ಮಗು?”

“ಗಂಡು ಅಂತ ಕೇಳ್ದೆ. ಅಷ್ಟೆ.”

*

ಫೆಬ್ರವರಿ ಹದಿಮೂರು, ಗುರುವಾರ. ಅರುಂಧತಿಯ ಬಂಧನಕ್ಕೆಂದು ತಯಾರಾಗಿದ್ದ ಕಾಗದವನ್ನು ಪಾಷಾ ತಾವೇ ಹರಿದರು. “ಹೊರ್ಡು ನಡಿ ಶಶಿರೇಖಮ್ಮ,” ಎಂದಷ್ಟೇ ಹೇಳಿ ಜೀಪು ಹತ್ತಿದರು. ತಪ್ಪಾಯಿತೆಂದು ಬಾಯಿಬಿಟ್ಟು ಹೇಳುವುದು ಅವರಿಗೆ ಅಭ್ಯಾಸವಿರಲಿಲ್ಲ.

ಮಳವಳ್ಳಿ ಬಸ್ ನಿಲ್ದಾಣದ ಹಿಂದಿನ ರಸ್ತೆಯಲ್ಲಿ ಒಂದೇ ಬಾಗಿಲಿನ ಅಂಗಡಿ. ಹನ್ನೊಂದೂ ಹತ್ತಕ್ಕೆ ಅವರು ಒಳಹೊಕ್ಕಾಗ ಪುಟ್ಟರಾಜು ಲ್ಯಾಪ್‌ಟಾಪೊಂದರ ಕೀಲಿಮಣೆ ಬಿಚ್ಚುತ್ತಿದ್ದ. ನಲವತ್ತೆರಡು ವರ್ಷ, ಕಿವಿಯ ಮೇಲೆ ಕೂದಲು ನರೆತಿತ್ತು. ಖಾಕಿ ನೋಡಿ ಎದ್ದು ನಿಲ್ಲಲಿಲ್ಲ. ಬಿಚ್ಚಿದ ಸ್ಕ್ರೂಗಳು ಕಳೆದುಹೋಗದಂತೆ ಒಂದು ಡಬ್ಬಿಯ ಮುಚ್ಚಳಕ್ಕೆ ಹಾಕಿ ಪಕ್ಕಕ್ಕಿಟ್ಟ.

“ಶನಿವಾರ ಸಾಯಂಕಾಲ ಎಲ್ಲಿದ್ದೆ?” ಪಾಷಾ ಕೇಳಿದರು.

“ನಿಮ್ಗೆ ಗೊತ್ತಾಗಿ ತಾನೆ ಸಾ ಬಂದಿರೋದು.”

“ನೀನೇ ಹೇಳು.”

“ಬೆಸಗರಳ್ಳೀಲಿ.”

ಪೆನ್‌ಡ್ರೈವ್ ಒಂದು, ಕೀಪ್ಯಾಡ್ ಮೊಬೈಲು ಒಂದು, ಲ್ಯಾಪ್‌ಟಾಪ್ ಒಂದು. ಪಂಚರ ಸಮಕ್ಷಮ ಜಪ್ತಿಯಾಯಿತು. ಪೆನ್‌ಡ್ರೈವಿನಲ್ಲಿ ಲೈಬ್ರರಿ ಫೈಲುಗಳದ್ದೇ ಒಂದು ದೊಡ್ಡ ಸಂಗ್ರಹ, ಆರು ನೂರಕ್ಕೂ ಮೇಲೆ. ಈ ಕಡೆಯ ಕಂಪ್ಯೂಟರ್ ರಿಪೇರಿಯವರ ಕೆಲಸದ ರೀತಿಯೇ ಅದು. ಯಾವ ಸೆಟಪ್ಪು ಯಾವ ಫೈಲಿಲ್ಲವೆಂದು ಗೋಳಾಡುತ್ತದೋ, ಆ ಹೆಸರಿನದ್ದನ್ನು ತೆಗೆದು ಪಕ್ಕಕ್ಕೆ ಹಾಕಿ ಮುಂದಿನ ಅಂಗಡಿಗೆ ಹೋಗುವುದು. ಯಾರೂ ಅನುಮಾನಿಸುವುದಿಲ್ಲ. ಆರು ನೂರೂ ಸಾಚಾ. ಒಂದನ್ನು ಮಾತ್ರ ಪುಟ್ಟರಾಜು ತಾನೇ ಮಾಡಿದ್ದ.

ಮಧ್ಯಾಹ್ನ ಎರಡಕ್ಕೆ ಠಾಣೆಯಲ್ಲಿ ಶಶಿರೇಖಾ ಬಂಧನದ ಮೆಮೊ ತೆರೆದಳು. ಹಳೆಯ ಮೆಮೊ, ಹಳೆಯ ಹೆಸರು ಅಳಿಸಿ ಹೊಸದು.

“ಹೆಸ್ರು?”

“ಪುಟ್ಟರಾಜು.”

“ಬಿನ್?”

ಅವನು ಕೀಬೋರ್ಡಿನ ಮೇಲಿದ್ದ ಅವಳ ಬೆರಳುಗಳನ್ನು ನೋಡಿದ.

“ತಂದೆ ಹೆಸ್ರು ಹೇಳಪ್ಪ.”

“ಆಧಾರಲ್ಲಿ ತಿಮ್ಮಯ್ಯ ಅಂತ ಅದೆ. ಅವ್ರು ನಮ್ ಸೋದರಮಾವ. ಇಸ್ಕೂಲಿಗೆ ಸೇರ್ಸಕ್ಕೋದಾಗ ಮೇಷ್ಟ್ರು ತಂದೆ ಎಸ್ರು ಕೇಳುದ್ರು. ನಮ್ಮವ್ವ ಬಾಯ್ ಬುಡ್ಲಿಲ್ಲ. ಮಾವನೇ ತನ್ನೆಸ್ರು ಏಳುದ್ರು. ಅದ್ನೇ ಬರ್ಕೊಳಿ.”

ಬಿನ್ ತಿಮ್ಮಯ್ಯ ಎಂದು ಟೈಪ್ ಮಾಡಿದಳು. ಸ್ವಇಚ್ಛಾ ಹೇಳಿಕೆ ಕೇವಲ ಎರಡು ಪುಟವಾಯಿತು. ತಾಯಿ ಮುದ್ದಮ್ಮ ಮೂರು ವರ್ಷದ ಕೆಳಗೆ ತೀರಿಕೊಂಡಳು. ಸಾಯುವ ಮುಂಚೆ ಹೆಸರು ಹೇಳಿದಳು. “ಅವ್ರು ಒಂದಲ್ಲ ಒಂದಿನ ಕಾಗ್ದದಲ್ಲಿ ಬರೀತಾರೆ ಕಣ್ ಮಗ, ನೀನಾಗ್ ಓಗಿ ಕೇಳ್ಬ್ಯಾಡ,” ಎಂದಳು. ಅವನು ಕೇಳಲಿಲ್ಲ, ಕಾದ. ಬೆಸಗರಹಳ್ಳಿಯವರು ಬರೆಸುವುದು ಮದ್ದೂರಿನಲ್ಲೇ, ಅದರಲ್ಲೂ ಹೆಚ್ಚಿನವರು ಅರುಂಧತಿಯ ಬಳಿಯೇ ಎಂದು ತಿಳಿದುಕೊಂಡು ಅಲ್ಲಿ ತನ್ನ ಫೈಲು ಇಟ್ಟ. ಎರಡು ವರ್ಷದ ಮೇಲೆ, ಹಿಂದಿನ ಗುರುವಾರ ಮಧ್ಯಾಹ್ನ ಅವನ ಫೋನು ಸದ್ದು ಮಾಡಿತು.

“ಮೂರು ಸಲ ಓದ್ದೆ ಮೇಡಂ. ಸೊಸೆ ಎಸ್ರು ಅದೆ, ಮೊಮ್ಮಗಳ ಎಸ್ರು ಅದೆ. ‘ಇವರ ವಿನಾ ನನಗೆ ಬೇರೆ ವಾರಸುದಾರರು ಯಾರೂ ಇರುವುದಿಲ್ಲ’ ಅಂತ ಒಂದ್ ಸಾಲು ಅದೆ. ಶುಕ್ರವಾರ ಫೋನ್ ಮಾಡಿ, ಮುದ್ದಮ್ಮನ ಮಗ ಪುಟ್ಟರಾಜು ಅಂತ್ಲೇ ಏಳ್ದೆ.”

ಆ ಸಾಲು ಮುದುಕ ಹೇಳಿ ಬರೆಸಿದ್ದಲ್ಲ. ಅರುಂಧತಿಯ ಎಲ್ಲ ವಿಲ್ಲುಗಳಲ್ಲೂ ಇರುವ ಸಾಲು ಅದು. ಹಳೆಯ ವಿಲ್ ತೆರೆದು ಹೆಸರು ಬದಲಿಸಿದಾಗ ತಾನಾಗಿ ಬಂದು ಕೂರುವ ಸಾಲು. ಶಶಿರೇಖಾಳಿಗೆ ಅದು ನೋಡದೆಯೂ ಗೊತ್ತಾಯಿತು. ಪುಟ್ಟರಾಜುವಿಗೆ ಅದನ್ನು ಹೇಳದೆ ಮುಂದಿನ ಪ್ರಶ್ನೆ ಕೇಳಿದಳು.

“ಪಂಪ್‌ಸೆಟ್ ಮನೆತಾವ ಏನಾಯ್ತು?”

“ಕಾಫಿ ಬಗ್ಗಿಸ್ಕೊಟ್ರು. ಕುಡೀಲಿಲ್ಲ ನಾನು. ‘ನನ್ನೆಸ್ರು ಎಲ್ಲದೆ?’ ಅಂದೆ. ಅವ್ರು ನಗಾಡ್ಕೊಂಡು ‘ಸ್ವಾಮಾರ ರಿಜಿಸ್ಟ್ರಿ ಆಪೀಸ್ತಾವ ಬಾರ್ಲಾ, ಗೊತ್ತಾಯ್ತದೆ’ ಅಂದ್ರು. ಸ್ವಾಮಾರ ಅಂದ್ರು ಮೇಡಂ. ನಮ್ಮವ್ವುಂಗೆ ಏಳ್ತಿದ್ದಂಗೇ. ತಿರುಗಿ ಮೋಟ್ರು ಆಫ್ ಮಾಡಕ್ಕೋದ್ರು. ಗುದ್ದಲಿ ಅಲ್ಲೇ ಇತ್ತು.”

“ಕರಡು ಎಲ್ಲಿ? ವಿಲ್ಲಿನ ಪ್ರತಿ?”

“ನನ್ತಾವ ಇಲ್ಲ. ಅವ್ರ ಕೈಲೂ ಇರ್ಲಿಲ್ಲ.”

*

ಶುಕ್ರವಾರ ಬೆಳಿಗ್ಗೆ ಎಂಟೂವರೆ. ಹನ್ನೊಂದರೊಳಗೆ ಆರೋಪಿಯನ್ನು ನ್ಯಾಯಾಲಯಕ್ಕೆ ಹಾಜರುಪಡಿಸಬೇಕಿತ್ತು. ಶಶಿರೇಖಾ ಜಪ್ತಿ ಮಾಲಿನ ಪಟ್ಟಿ ಮಾಡುತ್ತಿದ್ದಳು. ಅರುಂಧತಿ ತನ್ನ ಅಂಗಡಿಯ ಬೀಗದ ಕೈ ವಾಪಸ್ ಪಡೆಯಲು ಬಂದು ಬೆಂಚಿನ ಮೇಲೆ ಕುಳಿತಿದ್ದಳು. ಬೀರುವಿನಿಂದ ದಾರ ಕಟ್ಟಿದ ಕಟ್ಟನ್ನು ತೆಗೆಯುತ್ತಿದ್ದ ಹಾಗೆ ಅವಳೆಂದಳು:

“ಮೇಡಂ, ಅವತ್ತು ನಾನು ಅದ್ನೇ ಹೇಳಕ್ ಬಂದೆ. ಕೆಳಗ್ ಬಿದ್ದಿದ್ದು ಹಳೇ ಕಾಗ್ದ ಅಲ್ಲ. ಕರಡು ತಗೊಂಡೋದೋರು ಮನೇಲಿ ಓದ್ಸಿ, ಪೆನ್ನಲ್ಲಿ ತಿದ್ದಿ ತತ್ತಾರೆ. ಅಂಗ್ಡಿ ಮುಚ್ಚಿದ್ರೆ ಷಟರ್ ಕೆಳಗೆ ತಳ್ಬುಟ್ಟು ಓಯ್ತಾರೆ. ನಾನು ಬಂದು ತಿದ್ದಿ ಫೈನಲ್ ತೆಗೀತೀನಿ.”

ಶಶಿರೇಖಾ ಪಂಚರನ್ನು ಕರೆಸಿ ಅರಗು ಒಡೆದಳು. ಆರನೆಯ ಕಾಗದ ನಾಲ್ಕು ಮಡಿಕೆಯದು. ಒಳಗೆ ಶನಿವಾರದ ಒಂದು ಬಸ್ ಟಿಕೆಟ್ಟು, ಬೆಸಗರಹಳ್ಳಿಯಿಂದ ಮದ್ದೂರಿಗೆ, ಮಧ್ಯಾಹ್ನ ಒಂದು ಇಪ್ಪತ್ತು. ಮುದುಕ ಬಸ್ ಹತ್ತುವಾಗಲೇ ಅಂಗಡಿ ಮುಚ್ಚಿ ಇಪ್ಪತ್ತು ನಿಮಿಷವಾಗಿತ್ತು. ‘ಬೇರೆ ವಾರಸುದಾರರು ಯಾರೂ ಇರುವುದಿಲ್ಲ’ ಎಂಬ ಟೈಪಿನ ಸಾಲಿನ ಮೇಲೆ ನೀಲಿ ಪೆನ್ನಿನ ಗೀಟು, ಕಾಗದ ಹರಿಯುವಷ್ಟು ಒತ್ತಿ ಎಳೆದದ್ದು. ಅದರ ಕೆಳಗೆ ನೀರಿನ ಸರದಿ ಪುಸ್ತಕ ಬರೆದು ರೂಢಿಯಾದ ಸೊಟ್ಟ ಅಕ್ಷರದಲ್ಲಿ ಎರಡು ಸಾಲಿದ್ದವು:

ಮೇಗಲ ಹೊಲ ಅರ್ದ ಸೊಸೆಗೆ. ಇನ್ನರ್ದ ಪುಟ್ಟರಾಜು ಬಿನ್ ಕೆಂಪಸಿದ್ದಯ್ಯ, ತಾಯಿ ಮುದ್ದಮ್ಮ. ಇವನು ನನ್ನ ಮಗ.

ಸೋಮವಾರ ಮಧ್ಯಾಹ್ನ ಹನ್ನೆರಡು ಕಾಲಿಗೆ ಈ ಕಾಗದ ಅವಳ ಕೈಯಳತೆಯಲ್ಲಿತ್ತು. ಓದಿದ್ದರೆ ಅರುಂಧತಿ ನಾಲ್ಕು ದಿನ ಆ ಬೆಂಚಿನ ಮೇಲೆ ಕೂರಬೇಕಿರಲಿಲ್ಲ. ಹನ್ನೊಂದು ವರ್ಷದಲ್ಲಿ ಆ ಸಾಲನ್ನು ಎಷ್ಟು ಪಂಚನಾಮೆಗಳಲ್ಲಿ ಬರೆದೆನೋ, ಯಾವ ಕಟ್ಟಿನೊಳಗೆ ಏನೇನಿತ್ತೋ ಎಂದು ನೆನೆದು ಅವಳಿಗೆ ನಾಚಿಕೆಯಾಯಿತು.

“ತಪ್ಪು ನಂದು ಅರುಂಧತಿ,” ಎಂದಳು.

“ಆ ಸಾಲು ಹಾಕಿದ್ದು ನಾನು ಮೇಡಂ,” ಎಂದಳು ಅರುಂಧತಿ. ಬೀಗದ ಕೈ ತೆಗೆದುಕೊಂಡಳು, ಆದರೆ ಏಳಲಿಲ್ಲ.

ಜಪ್ತಿಯಾದ ಕಾಗದವನ್ನು ಆರೋಪಿಗೆ ತೋರಿಸಲೇಬೇಕೆಂದೇನೂ ಇರಲಿಲ್ಲ. ಶಶಿರೇಖಾ ಪಾಷಾರ ಮುಖ ನೋಡಿದಳು. ಅವರು ಕಿಟಕಿಯ ಕಡೆ ತಿರುಗಿಕೊಂಡು ತೋರಿಸು ಎಂಬಂತೆ ತಲೆಯಾಡಿಸಿದರು.

ಪುಟ್ಟರಾಜು ಲಾಕಪ್ಪಿನ ಸರಳಿನ ಹಿಂದೆ ನಿಂತು ಓದಿದ. ಮೊದಲ ಸಾಲಿನಿಂದ ಶುರುಮಾಡಿ ಕೆಳಗೆ ಬಂದ. ಕೆಳಗಿನದನ್ನು ಓದಿ ಕಾಗದವನ್ನು ಹಿಂದೆ ತಿರುಗಿಸಿ ನೋಡಿದ, ಮತ್ತೆ ಮುಂದೆ ತಿರುಗಿಸಿದ.

“ಯಾವತ್ತು ಬರ್ದಿದ್ದು ಇದು?”

“ಶನಿವಾರ. ನೀನು ಓಗೋಕ್ ಮುಂಚೆ.”

“ನಾನು ನೋಡುದ್ನಲ್ಲ ಮೇಡಂ. ಮಧ್ಯಾನ ನೋಡ್ದೆ. ಕಂಪ್ಯೂಟ್ರಲ್ಲಿ ಇರ್ಲಿಲ್ಲ.”

“ಪೆನ್ನಲ್ಲಿ ಬರ್ದವ್ರೆ ಕಣಪ್ಪ.”

ಅವನು ನೆಲದ ಮೇಲೆ ಕುಳಿತ. ಅತ್ತನೆಂದು ಹೇಳಲಾಗದು. ‘ಸ್ವಾಮಾರ’ ಎಂದು ಎರಡು ಸಲ ಮೆಲ್ಲಗೆ ಹೇಳಿಕೊಂಡ. ಸ್ವಲ್ಪ ಹೊತ್ತಿಗೆ, “ಆ ಕಾಫೀನಾದ್ರೂ ಕುಡೀಬೇಕಾಗಿತ್ತು,” ಎಂದ.

ಹತ್ತು ಗಂಟೆಗೆ ಜೀಪು ಬಂತು. ಹೊರಡುವ ಮುಂಚೆ ಶಶಿರೇಖಾ ಸರಳಿನ ಬಳಿ ಬಂದು ಕೇಳಿದಳು: “ಕಾಗ್ದದಲ್ಲಿ ಬಿನ್ ತಿಮ್ಮಯ್ಯ ಅಂತ ಅದೆ. ಹಂಗೇ ಇರ್ಲಾ?”

ಪುಟ್ಟರಾಜು ಎದ್ದು ಬಂದು ಸರಳು ಹಿಡಿದುಕೊಂಡ.

“ಅವ್ರು ಬರ್ದವ್ರಲ್ಲ ಮೇಡಂ,” ಎಂದ. “ಅವ್ರು ಬರ್ದಂಗೇ ಬರೀರಿ.”

ಅವಳು ಹಿಂದಿನ ದಿನದ ಮೆಮೊವನ್ನು ತಿದ್ದಲಿಲ್ಲ, ಅದು ಕಡತದಲ್ಲಿ ಹಾಗೆಯೇ ಉಳಿಯಿತು. ನ್ಯಾಯಾಲಯಕ್ಕೆ ಕಳಿಸುವ ವರದಿಗೆ ಮಾತ್ರ ಈ ಸಲ ಯಾವ ಹಳೆಯ ಕಡತವನ್ನೂ ತೆರೆಯದೆ ಖಾಲಿ ಹಾಳೆಯಿಂದ ಶುರುಮಾಡಿದಳು. ಮೃತರ ಹೆಸರಿನ ಮುಂದೆ ಕೆಂಪಸಿದ್ದಯ್ಯ ಎಂದು ಟೈಪ್ ಮಾಡಿದಳು. ನಾಲ್ಕು ಸಾಲು ಕೆಳಗೆ ಬಂದು, ಆರೋಪಿಯ ತಂದೆಯ ಹೆಸರಿನ ಮುಂದೆ ಅದೇ ಹೆಸರನ್ನು ಇನ್ನೊಂದು ಸಲ, ಒಂದೊಂದೇ ಅಕ್ಷರವಾಗಿ, ಟೈಪ್ ಮಾಡಿದಳು.